ನವಸಂಪ್ರದಾಯವಾದ: ಪರಿಕಲ್ಪನೆಯ ಚರಿತ್ರೆ ಮತ್ತು ಶಿವಮೊಗ್ಗದ ಸಂದರ್ಭ

೧

ಕನ್ನಡದ ವಿಮರ್ಶೆ ಮತ್ತು ಸಂಶೋಧನೆಗಳಲ್ಲಿ ‘ನವಸಂಪ್ರದಾಯವಾದ’ ಎಂಬ ಪದ ಸಾಕಷ್ಟು ಕಾಲದಿಂದ ಬಳಕೆಯಲ್ಲಿದೆ. ಆದರೆ ಅದರ ಅರ್ಥವ್ಯಾಪ್ತಿಯನ್ನು ಗೊತ್ತುಪಡಿಸಿಕೊಂಡು ಬಳಸಿರುವ ಸಂದರ್ಭಗಳು ವಿರಳ. ಮೂಲಭೂತವಾದ, ಪುನರುತ್ಥಾನವಾದ, ಕೋಮುವಾದ, ಬಲಪಂಥ, ಪ್ರತಿಗಾಮಿತನ ಎಂಬ ಪದಗಳ ಸಾಲಿನಲ್ಲಿ ಇದೂ ಒಂದಾಗಿ ಬರುತ್ತದೆ. ಕೆಲವೊಮ್ಮೆ ‘ನವ ಉದಾರವಾದ’ದ ಜೊತೆಯಲ್ಲಿ, ಅವೆರಡೂ ಒಂದೇ ಎಂಬಂತೆಯೂ ಬರುತ್ತದೆ. ಹೀಗೆ ಬಳಕೆಯಾದಾಗ ಅದು ವಿವರಿಸುವ ಪದವಾಗಿ ಉಳಿಯದೆ ನಿಂದಿಸುವ ಪದವಾಗುತ್ತದೆ. ಒಬ್ಬ ಲೇಖಕನನ್ನು ನವಸಂಪ್ರದಾಯವಾದಿ ಎಂದು ಕರೆದಾಗ ಆ ಲೇಖಕನ ಬಗ್ಗೆ ಹೊಸದಾಗಿ ಏನು ತಿಳಿಯಿತು ಎಂದು ಕೇಳಿಕೊಂಡರೆ, ಹಾಗೆ ಕರೆದ ವಿಮರ್ಶಕರ ನಿಲುವಿನ ಹೊರತು ಬೇರೇನೂ ತಿಳಿಯಲಿಲ್ಲ ಎಂಬ ಉತ್ತರವೇ ಹೆಚ್ಚಾಗಿ ದೊರೆಯುತ್ತದೆ.

ಈ ಪದ ಹುಟ್ಟಿದ ಸಂದರ್ಭ, ಅದರ ಹಿಂದಿರುವ ವಿಚಾರಗಳು ಮತ್ತು ಅವು ಬೀರಿದ ಪ್ರಭಾವಗಳನ್ನು ಮೊದಲಿಗೆ ವಿವರಿಸಿ, ಅನಂತರ ಶಿವಮೊಗ್ಗ ಜಿಲ್ಲೆಯ ರಾಜಕೀಯ ಮತ್ತು ಸಾಹಿತ್ಯಕ ಸಂದರ್ಭಕ್ಕೆ ಅದು ಎಷ್ಟರ ಮಟ್ಟಿಗೆ ಹೊಂದುತ್ತದೆ ಎಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಶಿವಮೊಗ್ಗವನ್ನು ಆರಿಸಿಕೊಂಡಿರುವುದಕ್ಕೆ ಕಾರಣವಿದೆ. ಸ್ವಾತಂತ್ರ್ಯೋತ್ತರ ಕರ್ನಾಟಕದಲ್ಲಿ ಸಮಾಜವಾದಿ ಚಿಂತನೆ ಗಟ್ಟಿಯಾಗಿ ಬೇರುಬಿಟ್ಟ ನೆಲ ಇದು. ಮುಂದೆ ಭಾರತೀಯ ಜನತಾ ಪಕ್ಷ ಕರ್ನಾಟಕದಲ್ಲಿ ಬಲವಾಗಿ ಬೆಳೆದ ನೆಲಗಳಲ್ಲಿ ಒಂದೂ ಇದೇ. ಎಡದಿಂದ ಬಲಕ್ಕೆ ಸರಿದವರ ವಿಚಾರಧಾರೆಯೆಂದೇ ಹೆಸರಾದ ನವಸಂಪ್ರದಾಯವಾದವನ್ನು ಪರೀಕ್ಷಿಸಲು ಇದಕ್ಕಿಂತ ಸೂಕ್ತವಾದ ಸಂದರ್ಭ ಕನ್ನಡದಲ್ಲಿ ಸುಲಭವಾಗಿ ದೊರಕದು.

೨

ಮೊದಲಿಗೆ ಪದದ ಬಗ್ಗೆ ಒಂದು ಮಾತು. ಇಂಗ್ಲಿಷಿನ ‘ಕನ್ಸರ್ವೇಟಿವ್’ ಎಂಬ ಪದದ ಮೂಲದಲ್ಲಿರುವುದು ಕಾಯ್ದುಕೊಳ್ಳುವ, ಕೆಡದಂತೆ ಇಟ್ಟುಕೊಳ್ಳುವ ಅರ್ಥ. ನಾವು ಅದಕ್ಕೆ ಸಂವಾದಿಯಾಗಿ ಬಳಸುವ ‘ಸಂಪ್ರದಾಯ’ದ ಮೂಲದಲ್ಲಿರುವುದು ಕೊಡುವ, ಒಬ್ಬರಿಂದ ಇನ್ನೊಬ್ಬರಿಗೆ ದಾಟಿಸುವ ಅರ್ಥ. ಕಾಯ್ದುಕೊಳ್ಳುವವನು ತನ್ನ ಕೈಯಲ್ಲಿರುವುದು ಬದಲಾಗಬಾರದೆಂದು ಬಯಸುತ್ತಾನೆ. ದಾಟಿಸುವವನಿಗೆ ತೆಗೆದುಕೊಳ್ಳುವವನ ಕೈಯೂ ಮುಖ್ಯ. ಈ ವ್ಯತ್ಯಾಸವನ್ನು ಮರೆತು ಅನುವಾದಿಸಿಕೊಂಡಿರುವುದರಿಂದ ಸಂಪ್ರದಾಯದ ಕುರಿತು ಗಂಭೀರವಾಗಿ ಮಾತನಾಡುವವರೆಲ್ಲರೂ ಸಂಪ್ರದಾಯವಾದಿಗಳಂತೆ ತೋರುವ ಗೊಂದಲ ನಮ್ಮಲ್ಲಿ ಉಂಟಾಗಿದೆ. ನಮ್ಮ ಆಡುಮಾತಿನ ‘ಮಡಿವಂತ’ ಎಂಬ ಪದ ಮುಟ್ಟಿಸಿಕೊಳ್ಳದೆ ಕಾಯ್ದುಕೊಳ್ಳುವವನನ್ನು ಹೆಚ್ಚು ನಿಖರವಾಗಿ ಸೂಚಿಸುತ್ತದೆ.

ಯುರೋಪಿನಲ್ಲಿ ಸಂಪ್ರದಾಯವಾದಿ ರಾಜಕೀಯ ಚಿಂತನೆಯ ಮೂಲಪುರುಷನೆಂದು ಎಡ್ಮಂಡ್ ಬರ್ಕ್‌ನನ್ನು ಗುರುತಿಸುತ್ತಾರೆ. ಫ್ರಾನ್ಸಿನ ಕ್ರಾಂತಿಯನ್ನು ಕುರಿತು ೧೭೯೦ರಲ್ಲಿ ಅವನು ಬರೆದ ಗ್ರಂಥದ ತಿರುಳು ಇಷ್ಟು: ಸಮಾಜವು ತಲೆಮಾರುಗಳ ಅನುಭವದಿಂದ ರೂಪುಗೊಂಡದ್ದು; ಒಂದು ತಲೆಮಾರಿನ ತರ್ಕವನ್ನು ನಂಬಿ ಅದನ್ನು ಬುಡಮೇಲು ಮಾಡುವುದು ಅಪಾಯಕರ. ಇದೇ ಬರ್ಕ್ ವಾರನ್ ಹೇಸ್ಟಿಂಗ್ಸ್‌ನ ಮೇಲೆ ಬ್ರಿಟಿಷ್ ಪಾರ್ಲಿಮೆಂಟಿನಲ್ಲಿ ೧೭೮೮ರಿಂದ ೧೭೯೫ರವರೆಗೆ ನಡೆದ ಮಹಾಭಿಯೋಗದಲ್ಲಿ ಆರೋಪ ಮಂಡಿಸಿದವರಲ್ಲಿ ಪ್ರಮುಖನಾಗಿದ್ದ. ಈಸ್ಟ್ ಇಂಡಿಯಾ ಕಂಪನಿಯ ಅಧಿಕಾರಿಗಳು ಭಾರತದ ಹಳೆಯ ಸಂಸ್ಥೆಗಳನ್ನು ಹಾಳುಮಾಡಿದರೆಂಬುದು ಅವನ ಆಕ್ಷೇಪವಾಗಿತ್ತು. ಅಂದರೆ ಸಂಪ್ರದಾಯವಾದವು ಅಧಿಕಾರದ ಅಹಂಕಾರವನ್ನು ಪ್ರಶ್ನಿಸುವ ಸಾಧನವೂ ಆಗಬಲ್ಲದು. ನವಸಂಪ್ರದಾಯವಾದ ಈ ಹಳೆಯ ಸಂಪ್ರದಾಯವಾದದ ಮುಂದುವರಿಕೆಯಲ್ಲ. ಅದರ ಹುಟ್ಟು ಬೇರೊಂದು ಮನೆಯಲ್ಲಿ ಆಯಿತು.

೩

ಆ ಮನೆ ಅಮೆರಿಕದ ಎಡಪಂಥ. ೧೯೩೦ರ ದಶಕದ ನ್ಯೂಯಾರ್ಕಿನ ಸಿಟಿ ಕಾಲೇಜಿನಲ್ಲಿ ಬಡ ಯಹೂದಿ ವಲಸೆ ಕುಟುಂಬಗಳ ಮಕ್ಕಳು ದೊಡ್ಡ ಸಂಖ್ಯೆಯಲ್ಲಿ ಓದುತ್ತಿದ್ದರು. ಅಲ್ಲಿನ ಊಟದ ಕೋಣೆಯ ಮೂಲೆಗಳು ರಾಜಕೀಯ ವಾಗ್ವಾದದ ಕಟ್ಟೆಗಳಾಗಿದ್ದವು. ಒಂದು ಮೂಲೆ ಸ್ಟಾಲಿನ್ ಪರವಾದವರದು, ಇನ್ನೊಂದು ಸ್ಟಾಲಿನ್‌ನನ್ನು ವಿರೋಧಿಸುವ ಎಡಪಂಥೀಯರದು. ಈ ಎರಡನೆಯ ಗುಂಪಿನಲ್ಲಿ ಇರ್ವಿಂಗ್ ಕ್ರಿಸ್ಟಲ್, ಡೇನಿಯಲ್ ಬೆಲ್, ನೇಥನ್ ಗ್ಲೇಜರ್, ಇರ್ವಿಂಗ್ ಹೋವ್ ಮುಂತಾದವರಿದ್ದರು. ಇವರಲ್ಲಿ ಹೋವ್ ಕೊನೆಯವರೆಗೂ ಸಮಾಜವಾದಿಯಾಗಿಯೇ ಉಳಿದರು. ಉಳಿದವರ ದಾರಿ ಕ್ರಮೇಣ ಬೇರೆಯಾಯಿತು.

೧೯೬೫ರಲ್ಲಿ ಕ್ರಿಸ್ಟಲ್ ಮತ್ತು ಬೆಲ್ ಸೇರಿ ‘ದಿ ಪಬ್ಲಿಕ್ ಇಂಟರೆಸ್ಟ್’ ಎಂಬ ತ್ರೈಮಾಸಿಕವನ್ನು ಆರಂಭಿಸಿದರು. ಅಧ್ಯಕ್ಷ ಲಿಂಡನ್ ಜಾನ್ಸನ್ ಬಡತನ ನಿರ್ಮೂಲನೆಗಾಗಿ ದೊಡ್ಡ ಪ್ರಮಾಣದ ಸರ್ಕಾರಿ ಕಾರ್ಯಕ್ರಮಗಳನ್ನು ಕೈಗೊಂಡ ಕಾಲವದು. ಈ ಕಾರ್ಯಕ್ರಮಗಳ ಆಶಯವನ್ನು ಪತ್ರಿಕೆ ತಳ್ಳಿಹಾಕಲಿಲ್ಲ. ಅವುಗಳ ಫಲಿತಾಂಶವನ್ನು ಅಂಕಿ–ಅಂಶಗಳ ಮೂಲಕ ಪರಿಶೀಲಿಸಿತು. ಒಳ್ಳೆಯ ಉದ್ದೇಶದ ಯೋಜನೆಗಳು ಉದ್ದೇಶಿಸದ ಪರಿಣಾಮಗಳನ್ನು ತರುತ್ತವೆ. ಕುಟುಂಬ, ನೆರೆಹೊರೆ, ಧಾರ್ಮಿಕ ಸಂಸ್ಥೆಗಳು ಮಾಡುವ ಕೆಲಸವನ್ನು ಇಲಾಖೆಗಳು ಮಾಡಲಾರವು. ಬಡತನಕ್ಕೆ ಆರ್ಥಿಕ ಕಾರಣಗಳಂತೆ ಸಾಂಸ್ಕೃತಿಕ ಕಾರಣಗಳೂ ಇರುತ್ತವೆ. ಇವು ಆ ಪತ್ರಿಕೆಯ ಬರಹಗಳಲ್ಲಿ ಮತ್ತೆ ಮತ್ತೆ ಕಾಣುವ ವಾದಗಳು. ಇನ್ನೊಂದು ಕಡೆ, ನಾರ್ಮನ್ ಪೊಡ್‌ಹೊರೆಟ್ಸ್ ೧೯೬೦ರಿಂದ ಸಂಪಾದಿಸುತ್ತಿದ್ದ ‘ಕಾಮೆಂಟರಿ’ ಮಾಸಪತ್ರಿಕೆ ಆರಂಭದಲ್ಲಿ ಎಡಕ್ಕೆ ವಾಲಿತ್ತಾದರೂ, ಆ ದಶಕದ ಕೊನೆಗೆ ವಿದ್ಯಾರ್ಥಿ ಚಳವಳಿ ಮತ್ತು ಪ್ರತಿಸಂಸ್ಕೃತಿಯ ಕಟು ಟೀಕಾಕಾರನಾಯಿತು.

ಈ ಗುಂಪಿಗೆ ‘ನವಸಂಪ್ರದಾಯವಾದಿಗಳು’ ಎಂಬ ಹೆಸರು ರೂಢಿಗೆ ಬಂದದ್ದು ಸಮಾಜವಾದಿ ಚಿಂತಕ ಮೈಕೆಲ್ ಹ್ಯಾರಿಂಗ್ಟನ್ ೧೯೭೩ರಲ್ಲಿ ‘ಡಿಸೆಂಟ್’ ಪತ್ರಿಕೆಯಲ್ಲಿ ಬರೆದ ಲೇಖನದಿಂದ. ದೂರ ಸರಿದ ಹಳೆಯ ಸಂಗಾತಿಗಳನ್ನು ಗುರುತಿಸಲು ಅವರು ಬಳಸಿದ ಈ ಹೆಸರನ್ನು ಕ್ರಿಸ್ಟಲ್ ಸಂತೋಷದಿಂದಲೇ ಒಪ್ಪಿಕೊಂಡರು. ಬೆಲ್ ಒಪ್ಪಲಿಲ್ಲ. ತಾನು ಅರ್ಥವ್ಯವಸ್ಥೆಯ ವಿಷಯದಲ್ಲಿ ಸಮಾಜವಾದಿ, ರಾಜಕೀಯದಲ್ಲಿ ಉದಾರವಾದಿ, ಸಂಸ್ಕೃತಿಯ ವಿಷಯದಲ್ಲಿ ಮಾತ್ರ ಸಂಪ್ರದಾಯವಾದಿ ಎಂಬುದು ಅವರ ನಿಲುವು. ೧೯೭೬ರಲ್ಲಿ ಪ್ರಕಟವಾದ ಬಂಡವಾಳಶಾಹಿಯ ಸಾಂಸ್ಕೃತಿಕ ವೈರುಧ್ಯಗಳನ್ನು ಕುರಿತ ಅವರ ಗ್ರಂಥ ಈ ಪಂಥದ ಗಂಭೀರ ಕೃತಿಗಳಲ್ಲಿ ಒಂದೆಂದು ಪರಿಗಣಿತವಾಗಿದೆ. ದುಡಿಮೆ ಮತ್ತು ಸಂಯಮದ ಮೇಲೆ ನಿಂತ ಬಂಡವಾಳಶಾಹಿ, ಭೋಗವನ್ನು ಪ್ರಚೋದಿಸುವ ತನ್ನದೇ ಮಾರುಕಟ್ಟೆಯ ಮೂಲಕ ಆ ಸಂಯಮವನ್ನು ನಾಶಮಾಡಿಕೊಳ್ಳುತ್ತದೆ ಎಂಬುದು ಅಲ್ಲಿನ ವಾದ.

ಎರಡನೆಯ ಘಟ್ಟದಲ್ಲಿ ಗಮನ ದೇಶದ ಒಳಗಿನಿಂದ ಹೊರಕ್ಕೆ ಹೊರಳಿತು. ಜೀನ್ ಕರ್ಕ್‌ಪ್ಯಾಟ್ರಿಕ್ ೧೯೭೯ರಲ್ಲಿ ‘ಕಾಮೆಂಟರಿ’ಯಲ್ಲಿ ಬರೆದ ಲೇಖನ ಅಮೆರಿಕಕ್ಕೆ ಅನುಕೂಲವಾದ ಸರ್ವಾಧಿಕಾರಿಗಳಿಗೂ ಕಮ್ಯುನಿಸ್ಟ್ ಸರ್ವಾಧಿಕಾರಗಳಿಗೂ ವ್ಯತ್ಯಾಸವಿದೆಯೆಂದು ವಾದಿಸಿತು. ರೊನಾಲ್ಡ್ ರೇಗನ್ ೧೯೮೧ರಲ್ಲಿ ಅವರನ್ನು ವಿಶ್ವಸಂಸ್ಥೆಗೆ ರಾಯಭಾರಿಯಾಗಿ ನೇಮಿಸಿದರು. ಸೋವಿಯತ್ ಒಕ್ಕೂಟ ಕುಸಿದ ಮೇಲೆ ಬಂದ ಮೂರನೆಯ ಘಟ್ಟದಲ್ಲಿ ಹೊಸ ತಲೆಮಾರು ಮುಂದೆ ಬಂತು. ಇರ್ವಿಂಗ್ ಕ್ರಿಸ್ಟಲ್‌ರ ಮಗ ವಿಲಿಯಂ ಕ್ರಿಸ್ಟಲ್ ೧೯೯೫ರಲ್ಲಿ ‘ವೀಕ್ಲಿ ಸ್ಟ್ಯಾಂಡರ್ಡ್’ ಪತ್ರಿಕೆಯನ್ನು ಆರಂಭಿಸಿದವರಲ್ಲಿ ಒಬ್ಬರು. ಅಮೆರಿಕ ತನ್ನ ಸೇನಾಬಲವನ್ನು ಬಳಸಿ ಪ್ರಜಾಪ್ರಭುತ್ವವನ್ನು ಹರಡಬೇಕೆಂಬ ವಾದ ಈ ಘಟ್ಟದ್ದು. ೨೦೦೧ರಿಂದ ೨೦೦೫ರವರೆಗೆ ರಕ್ಷಣಾ ಇಲಾಖೆಯ ಉಪಕಾರ್ಯದರ್ಶಿಯಾಗಿದ್ದ ಪಾಲ್ ವುಲ್ಫೋವಿಟ್ಸ್ ಮೊದಲಾದವರ ಮೂಲಕ ಈ ವಾದ ಅಧಿಕಾರದ ಕೇಂದ್ರವನ್ನು ಪ್ರವೇಶಿಸಿತು; ೨೦೦೩ರ ಮಾರ್ಚಿಯಲ್ಲಿ ನಡೆದ ಇರಾಕ್ ಆಕ್ರಮಣಕ್ಕೆ ವೈಚಾರಿಕ ಸಮರ್ಥನೆಯನ್ನು ಒದಗಿಸಿತು.

ಇಲ್ಲಿರುವ ವ್ಯಂಗ್ಯವನ್ನು ಗಮನಿಸಬೇಕು. ತಮ್ಮದೇ ನಗರದ ಒಂದು ಬಡ ಕೇರಿಯನ್ನು ಸರ್ಕಾರ ಸುಧಾರಿಸಲಾರದು, ಸುಧಾರಿಸಲು ಹೊರಟರೆ ಉದ್ದೇಶಿಸದ ಪರಿಣಾಮಗಳಾಗುತ್ತವೆ ಎಂದು ಹೇಳಿದವರ ವಾರಸುದಾರರೇ ದೂರದ ಒಂದು ದೇಶವನ್ನು ಸೈನ್ಯದಿಂದ ಸುಧಾರಿಸಬಹುದೆಂದು ನಂಬಿದರು. ಈ ವೈರುಧ್ಯವನ್ನು ಒಳಗಿನಿಂದಲೇ ಎತ್ತಿ ತೋರಿಸಿ ಫ್ರಾನ್ಸಿಸ್ ಫುಕುಯಾಮಾ ೨೦೦೬ರಲ್ಲಿ ಪಂಥದಿಂದ ಹೊರಬಂದರು. ‘ದಿ ಪಬ್ಲಿಕ್ ಇಂಟರೆಸ್ಟ್’ ೨೦೦೫ರಲ್ಲಿ, ‘ವೀಕ್ಲಿ ಸ್ಟ್ಯಾಂಡರ್ಡ್’ ೨೦೧೮ರಲ್ಲಿ ನಿಂತುಹೋದವು. ೨೦೧೬ರ ಅನಂತರ ಡೊನಾಲ್ಡ್ ಟ್ರಂಪ್ ನಾಯಕತ್ವದ ರಿಪಬ್ಲಿಕನ್ ಪಕ್ಷದಿಂದ ವಿಲಿಯಂ ಕ್ರಿಸ್ಟಲ್ ಸೇರಿದಂತೆ ಹಲವು ನವಸಂಪ್ರದಾಯವಾದಿಗಳು ದೂರವಾದರು. ಆದುದರಿಂದ ರಾಷ್ಟ್ರವಾದಿ ಬಲಪಂಥವನ್ನೆಲ್ಲ ನವಸಂಪ್ರದಾಯವಾದವೆಂದು ಕರೆಯುವುದು ಅಮೆರಿಕದ ಸಂದರ್ಭದಲ್ಲಿಯೂ ಸರಿಯಾಗುವುದಿಲ್ಲ.

೪

ಈ ಚರಿತ್ರೆಯಿಂದ ಪರಿಕಲ್ಪನೆಯ ಲಕ್ಷಣಗಳನ್ನು ಹೇಗೆ ಬೇರ್ಪಡಿಸಬೇಕು? ಇದಕ್ಕೆ ಜರ್ಮನಿಯ ತತ್ತ್ವಶಾಸ್ತ್ರಜ್ಞ ಯುರ್ಗೆನ್ ಹೇಬರ್‌ಮಾಸ್ ೧೯೮೦ರಲ್ಲಿ ಮಾಡಿದ ಒಂದು ಉಪನ್ಯಾಸ ನೆರವಾಗುತ್ತದೆ. ಆಧುನಿಕತೆಯನ್ನು ಅವರು ಎರಡಾಗಿ ವಿಂಗಡಿಸುತ್ತಾರೆ. ಒಂದು, ತಂತ್ರಜ್ಞಾನ, ಬಂಡವಾಳ, ಆಡಳಿತ ಇವುಗಳ ಮೂಲಕ ನಡೆಯುವ ಸಮಾಜದ ಆಧುನೀಕರಣ. ಇನ್ನೊಂದು, ಪ್ರಶ್ನಿಸುವ ಮನೋಧರ್ಮ, ವ್ಯಕ್ತಿಯ ಸ್ವಾತಂತ್ರ್ಯ, ಕಲೆಯ ಸ್ವಾಯತ್ತತೆ ಇವುಗಳಿಂದ ಕೂಡಿದ ಸಾಂಸ್ಕೃತಿಕ ಆಧುನಿಕತೆ. ನವಸಂಪ್ರದಾಯವಾದಿಗಳು ಮೊದಲನೆಯದನ್ನು ಸ್ವಾಗತಿಸುತ್ತಾರೆ. ಆದರೆ ಅದು ಉಂಟುಮಾಡುವ ನೆಮ್ಮದಿಗೇಡಿಗೆ ಎರಡನೆಯದನ್ನು ಹೊಣೆ ಮಾಡುತ್ತಾರೆ ಎಂಬುದು ಅವರ ವಿಶ್ಲೇಷಣೆ. ಯಂತ್ರ ಬೇಕು, ಯಂತ್ರದ ಜೊತೆಗೆ ಬಂದ ಪ್ರಶ್ನಿಸುವ ಮನಸ್ಸು ಬೇಡ ಎಂದು ಇದನ್ನು ಸರಳಗೊಳಿಸಬಹುದು.

ಇದರಿಂದ ನಮಗೆ ಎರಡು ಅಳತೆಗೋಲುಗಳು ದೊರೆಯುತ್ತವೆ. ಮೊದಲನೆಯದು ದಾರಿಗೆ ಸಂಬಂಧಿಸಿದ್ದು: ಪ್ರಗತಿಪರ ನಿಲುವಿನಿಂದ ಹೊರಟು, ಅದರಲ್ಲಿ ಭ್ರಮನಿರಸನಗೊಂಡು, ಆ ಭ್ರಮನಿರಸನವನ್ನು ವಾದವಾಗಿ ಮಂಡಿಸಿ ಸಂಪ್ರದಾಯದ ಪಕ್ಷಕ್ಕೆ ಬಂದಿರುವುದು. ಎರಡನೆಯದು ನಿಲುವಿಗೆ ಸಂಬಂಧಿಸಿದ್ದು: ಸಮಾಜದ ಆಧುನೀಕರಣವನ್ನು ಒಪ್ಪಿ ಸಾಂಸ್ಕೃತಿಕ ಆಧುನಿಕತೆಯನ್ನು ನಿರಾಕರಿಸುವುದು. ಇವೆರಡೂ ಕೂಡಿದ್ದಲ್ಲಿ ಮಾತ್ರ ಈ ಪದ ಪೂರ್ಣಾರ್ಥದಲ್ಲಿ ಸಲ್ಲುತ್ತದೆ.

ಈ ಅಳತೆಗೋಲುಗಳನ್ನು ಹಿಡಿದರೆ ನವ ಉದಾರವಾದದೊಂದಿಗಿನ ಗೊಂದಲವೂ ಪರಿಹಾರವಾಗುತ್ತದೆ. ನವ ಉದಾರವಾದ ಮೂಲತಃ ಮಾರುಕಟ್ಟೆಯ ಸಿದ್ಧಾಂತ. ಅದರ ಪ್ರಮುಖ ಚಿಂತಕ ಫ್ರೆಡರಿಕ್ ಹಯೆಕ್ ತಾನು ಸಂಪ್ರದಾಯವಾದಿ ಅಲ್ಲವೆಂದು ವಿವರಿಸಿ ೧೯೬೦ರಲ್ಲಿಯೇ ಒಂದು ಪ್ರಬಂಧವನ್ನು ಬರೆದಿದ್ದರು. ಮೊದಲ ತಲೆಮಾರಿನ ನವಸಂಪ್ರದಾಯವಾದಿಗಳಾದರೋ ಕಲ್ಯಾಣರಾಜ್ಯವನ್ನು ಮಿತವಾಗಿ ಉಳಿಸಿಕೊಳ್ಳಬೇಕೆಂದವರು. ನಮ್ಮ ಭದ್ರಾವತಿಯ ಉದಾಹರಣೆಯಿಂದ ಇದನ್ನು ಸ್ಪಷ್ಟಪಡಿಸಿಕೊಳ್ಳಬಹುದು. ಮೈಸೂರು ಸಂಸ್ಥಾನದ ಕಬ್ಬಿಣದ ಕಾರ್ಖಾನೆಯಾಗಿ ೧೯೨೩ರಲ್ಲಿ ಉತ್ಪಾದನೆ ಆರಂಭಿಸಿದ ವಿಶ್ವೇಶ್ವರಯ್ಯ ಕಬ್ಬಿಣ ಮತ್ತು ಉಕ್ಕಿನ ಕಾರ್ಖಾನೆ ೧೯೯೮ರಲ್ಲಿ ಭಾರತೀಯ ಉಕ್ಕು ಪ್ರಾಧಿಕಾರದಲ್ಲಿ ವಿಲೀನವಾಯಿತು. ಅದನ್ನು ಮುಚ್ಚಲು ಪ್ರಾಧಿಕಾರ ೨೦೨೩ರ ಜನವರಿಯಲ್ಲಿ ತಾತ್ತ್ವಿಕವಾಗಿ ನಿರ್ಧರಿಸಿದಾಗ ಕಾರ್ಮಿಕರು ಹೋರಾಟಕ್ಕಿಳಿದರು. ಸರ್ಕಾರವು ಉದ್ಯಮ ನಡೆಸಬೇಕೇ ಎಂಬ ಈ ಪ್ರಶ್ನೆ ನವ ಉದಾರವಾದಕ್ಕೆ ಸೇರಿದ್ದು. ಕಾರ್ಖಾನೆ ಕಟ್ಟಿದ ಊರಿನಲ್ಲಿ ಬೇರೆ ಬೇರೆ ಕಡೆಗಳಿಂದ ಬಂದ ಜನ ಒಂದೇ ವಸತಿಗಳಲ್ಲಿ ಬದುಕಿದಾಗ ಅವರ ಜಾತಿ, ಭಾಷೆ, ಆಚಾರಗಳಿಗೆ ಏನಾಯಿತು, ಏನಾಗಬೇಕಿತ್ತು ಎಂದು ಕೇಳಿದರೆ ಅದು ನವಸಂಪ್ರದಾಯವಾದ ಉತ್ತರಿಸಲು ಬಯಸುವ ಪ್ರಶ್ನೆಯಾಗುತ್ತದೆ.

ಆ ಕಾರ್ಖಾನೆಗೆ ಹೆಸರು ಕೊಟ್ಟ ಸರ್ ಎಂ. ವಿಶ್ವೇಶ್ವರಯ್ಯನವರ ಪ್ರಸಂಗವೂ ಇಲ್ಲಿ ಪ್ರಸ್ತುತ. ಕೈಗಾರಿಕೀಕರಣವನ್ನು ಅಷ್ಟು ದೃಢವಾಗಿ ಪ್ರತಿಪಾದಿಸಿದ ಅವರು, ಸರ್ಕಾರಿ ಹುದ್ದೆಗಳಲ್ಲಿ ಹಿಂದುಳಿದ ಸಮುದಾಯಗಳ ಪ್ರಾತಿನಿಧ್ಯವನ್ನು ಪರಿಶೀಲಿಸಲು ೧೯೧೮ರಲ್ಲಿ ನೇಮಕವಾದ ಮಿಲ್ಲರ್ ಸಮಿತಿಯ ಚಿಂತನೆಯನ್ನು ಅರ್ಹತೆಯ ಹೆಸರಿನಲ್ಲಿ ಒಪ್ಪಲಿಲ್ಲ. ಅದೇ ವರ್ಷ ದಿವಾನ ಪದವಿಯನ್ನು ಬಿಟ್ಟರು. ಅಮೆರಿಕದಲ್ಲಿ ನೇಥನ್ ಗ್ಲೇಜರ್ ಗುಂಪು ಆಧಾರಿತ ಮೀಸಲಾತಿಯ ವಿರುದ್ಧ ೧೯೭೫ರಲ್ಲಿ ಒಂದು ಗ್ರಂಥವನ್ನೇ ಬರೆದರು. ಅದೇ ೧೯೭೫ರಲ್ಲಿ ಕರ್ನಾಟಕದಲ್ಲಿ ಎಲ್.ಜಿ. ಹಾವನೂರು ಆಯೋಗ ತನ್ನ ವರದಿಯನ್ನು ನೀಡಿತು. ಅಂದರೆ ‘ಪ್ರತಿಭೆ’ ಮತ್ತು ‘ಸಾಮಾಜಿಕ ನ್ಯಾಯ’ದ ನಡುವಿನ ವಾಗ್ವಾದ ಅಮೆರಿಕದ ನವಸಂಪ್ರದಾಯವಾದಕ್ಕಿಂತ ಅರ್ಧ ಶತಮಾನದಷ್ಟು ಮುಂಚೆಯೇ ಮೈಸೂರಿನಲ್ಲಿ ನಡೆದಿತ್ತು. ಆದರೆ ವಿಶ್ವೇಶ್ವರಯ್ಯನವರು ಎಡದಿಂದ ಹೊರಟವರಲ್ಲ. ಪ್ರಶ್ನಿಸುವ ಮನೋಧರ್ಮವನ್ನು ನಿರಾಕರಿಸಿದವರೂ ಅಲ್ಲ. ಒಂದು ವಾದ ಹೋಲುತ್ತದೆಯೆಂದು ಪಂಥದ ಹೆಸರನ್ನು ಅಂಟಿಸಲಾಗದೆಂಬುದಕ್ಕೆ ಇದು ನಿದರ್ಶನ.

೫

ಈ ಅಳತೆಗೋಲುಗಳೊಂದಿಗೆ ಶಿವಮೊಗ್ಗದ ರಾಜಕೀಯ ಚರಿತ್ರೆಯನ್ನು ನೋಡಬಹುದು. ಶಿವಮೊಗ್ಗ ನಗರದಿಂದ ಹೊರಡುವ ಸವಳಂಗ ರಸ್ತೆ ನವುಲೆಯ ಕೃಷಿ ಮತ್ತು ಇಂಜಿನಿಯರಿಂಗ್ ಕಾಲೇಜುಗಳನ್ನು ಹಾದು ಸವಳಂಗಕ್ಕೆ, ಅಲ್ಲಿಂದ ಶಿಕಾರಿಪುರದ ಕಡೆಗೆ ಸಾಗುತ್ತದೆ. ನಗರದ ಇನ್ನೊಂದು ದಿಕ್ಕಿನಿಂದ ಹೊರಡುವ ರಸ್ತೆ ಸಾಗರಕ್ಕೆ ಹೋಗುತ್ತದೆ. ಜಿಲ್ಲೆಯ ರಾಜಕೀಯದ ಎರಡು ಧಾರೆಗಳು ಈ ಎರಡು ರಸ್ತೆಗಳ ಕೊನೆಯಲ್ಲಿವೆ ಎಂದರೆ ತಪ್ಪಾಗಲಾರದು.

ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ೧೯೫೧ರಲ್ಲಿ ಗೇಣಿದಾರರು ಗೇಣಿ ಅಳೆಯುವ ಕೊಳಗದ ಗಾತ್ರದ ಪ್ರಶ್ನೆಯನ್ನಿಟ್ಟುಕೊಂಡು ಭೂಮಾಲೀಕರ ವಿರುದ್ಧ ಸತ್ಯಾಗ್ರಹ ಹೂಡಿದರು. ಎಚ್. ಗಣಪತಿಯಪ್ಪ ಸಂಘಟಿಸಿದ, ಶಾಂತವೇರಿ ಗೋಪಾಲಗೌಡ ಮೊದಲಾದ ಸಮಾಜವಾದಿಗಳು ಬೆಂಬಲಿಸಿದ ಈ ಹೋರಾಟದಲ್ಲಿ ಪಾಲ್ಗೊಳ್ಳಲು ಬಂದ ರಾಮಮನೋಹರ ಲೋಹಿಯಾ ಆ ವರ್ಷದ ಜೂನ್‌ನಲ್ಲಿ ಬಂಧಿತರಾದರು. ಗೋಪಾಲಗೌಡರು ೧೯೫೨ರಲ್ಲಿ ವಿಧಾನಸಭೆಗೆ ಆಯ್ಕೆಯಾದರು. ೧೯೬೭ರಲ್ಲಿ ಶಿವಮೊಗ್ಗದಿಂದ ಜೆ.ಎಚ್. ಪಟೇಲರು ಲೋಕಸಭೆಗೂ, ಸೊರಬದಿಂದ ಎಸ್. ಬಂಗಾರಪ್ಪನವರು ವಿಧಾನಸಭೆಗೂ ಸಮಾಜವಾದಿಗಳಾಗಿಯೇ ಆರಿಸಿಬಂದರು. ಕಾಗೋಡಿನ ಬೇಡಿಕೆ ಶಾಸನದ ರೂಪದಲ್ಲಿ ಬಹುಮಟ್ಟಿಗೆ ಈಡೇರಿದ್ದು ದೇವರಾಜ ಅರಸರ ಕಾಲದ ೧೯೭೪ರ ಭೂಸುಧಾರಣಾ ತಿದ್ದುಪಡಿಯಲ್ಲಿ. ಆಗ ಗೋಪಾಲಗೌಡರು ತೀರಿಕೊಂಡು ಎರಡು ವರ್ಷಗಳಾಗಿದ್ದವು.

ಶಿಕಾರಿಪುರದಲ್ಲಿ ೧೯೮೩ರಲ್ಲಿ ಬಿ.ಎಸ್. ಯಡಿಯೂರಪ್ಪನವರು ಮೊದಲ ಬಾರಿಗೆ ವಿಧಾನಸಭೆಗೆ ಗೆದ್ದರು. ೨೦೦೮ರಲ್ಲಿ ಅದೇ ಕ್ಷೇತ್ರದಲ್ಲಿ ಅವರಿಗೆ ಎದುರಾಳಿಯಾಗಿ ನಿಂತವರು ಸಮಾಜವಾದಿ ಪಕ್ಷದ ಅಭ್ಯರ್ಥಿಯಾಗಿದ್ದ ಬಂಗಾರಪ್ಪ. ಯಡಿಯೂರಪ್ಪ ಗೆದ್ದು ಮುಖ್ಯಮಂತ್ರಿಯಾದರು. ಇದನ್ನು ಎರಡು ವಿಚಾರಧಾರೆಗಳ ಮುಖಾಮುಖಿಯೆಂದು ಓದುವ ಆಸೆಯಾಗುತ್ತದೆ. ಆದರೆ ಅದೇ ಬಂಗಾರಪ್ಪನವರು ೨೦೦೪ರಲ್ಲಿ ಭಾರತೀಯ ಜನತಾ ಪಕ್ಷವನ್ನು ಸೇರಿ ಶಿವಮೊಗ್ಗದಿಂದ ಲೋಕಸಭೆಗೆ ಗೆದ್ದಿದ್ದರು. ೨೦೦೫ರಲ್ಲಿ ಅದನ್ನು ಬಿಟ್ಟು ಸಮಾಜವಾದಿ ಪಕ್ಷದಿಂದ ಮತ್ತೆ ಗೆದ್ದಿದ್ದರು. ಈ ಸಂಚಾರವನ್ನು ನವಸಂಪ್ರದಾಯವಾದದ ದಾರಿ ಎನ್ನಬಹುದೇ?

ಎನ್ನಲಾಗದು. ಕ್ರಿಸ್ಟಲ್ ಮತ್ತು ಅವರ ಸಂಗಾತಿಗಳು ಪಕ್ಷ ಬದಲಿಸುವುದಕ್ಕೆ ಎಷ್ಟೋ ಮೊದಲು ವಿಚಾರ ಬದಲಿಸಿದರು. ಆ ಬದಲಾವಣೆಯನ್ನು ಪತ್ರಿಕೆಗಳಲ್ಲಿ ವರ್ಷಗಟ್ಟಲೆ ವಾದಿಸಿದರು. ನಮ್ಮಲ್ಲಿ ಸಮಾಜವಾದಿಗಳೂ ಜನಸಂಘವೂ ಹತ್ತಿರ ಬಂದದ್ದು ಕಾಂಗ್ರೆಸ್ ವಿರೋಧದ ಮೂಲಕ. ಲೋಹಿಯಾ ೧೯೬೦ರ ದಶಕದಲ್ಲಿ ರೂಪಿಸಿದ ಕಾಂಗ್ರೆಸ್ಸೇತರ ಒಗ್ಗಟ್ಟಿನ ತಂತ್ರ, ಸಂಯುಕ್ತ ಸಮಾಜವಾದಿ ಪಕ್ಷ ಮತ್ತು ಜನಸಂಘ ಎರಡೂ ಇದ್ದ ೧೯೭೧ರ ಮಹಾಮೈತ್ರಿ, ತುರ್ತುಪರಿಸ್ಥಿತಿಯ ಸೆರೆಮನೆಗಳು, ೧೯೭೭ರ ಜನತಾ ಪಕ್ಷ, ೧೯೮೩ರಲ್ಲಿ ರಾಮಕೃಷ್ಣ ಹೆಗಡೆಯವರ ಸರ್ಕಾರಕ್ಕೆ ಭಾರತೀಯ ಜನತಾ ಪಕ್ಷ ನೀಡಿದ ಹೊರಗಿನ ಬೆಂಬಲ. ಈ ಸರಣಿಯುದ್ದಕ್ಕೂ ಎದುರಾಳಿ ಒಬ್ಬನೇ ಆಗಿದ್ದುದರಿಂದ ಜೊತೆಗಾರರ ನಡುವಣ ವೈಚಾರಿಕ ಭಿನ್ನತೆ ಕೂಲಂಕಷವಾಗಿ ಚರ್ಚೆಗೆ ಬರಲೇ ಇಲ್ಲ. ಇನ್ನೊಂದು ಕಡೆ ಜನಸಂಘ ಮತ್ತು ಭಾರತೀಯ ಜನತಾ ಪಕ್ಷದ ವಿಚಾರಧಾರೆ ಎಡದಿಂದ ಬಂದದ್ದಲ್ಲ. ೧೯೨೫ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಸ್ವಯಂಸೇವಕ ಸಂಘದಿಂದ ಬೆಳೆದ ಸ್ವತಂತ್ರ ಚರಿತ್ರೆ ಅದಕ್ಕಿದೆ. ಅದನ್ನು ಸಾಂಸ್ಕೃತಿಕ ರಾಷ್ಟ್ರವಾದವೆಂದು ಅದರದೇ ಹೆಸರಿನಿಂದ ಕರೆದು ಚರ್ಚಿಸುವುದು ಸರಿಯಾದ ಕ್ರಮ.

ಹೀಗಾಗಿ ಶಿವಮೊಗ್ಗದಲ್ಲಿ ನಡೆದ ಪಲ್ಲಟವನ್ನು ವಾದವಿಲ್ಲದ ಪಲ್ಲಟ ಎಂದು ಕರೆಯಬಹುದು. ಜನ ಸರಿದರು, ನಾಯಕರು ಸರಿದರು. ಏಕೆ ಸರಿದೆವು ಎಂಬುದಕ್ಕೆ ರಾಜಕೀಯ ಬರಹ ಹುಟ್ಟಲಿಲ್ಲ. ಗೇಣಿದಾರನಾಗಿದ್ದವನು ಒಡೆಯನಾದ ಮೇಲೆ ಅವನ ಆತಂಕಗಳು ಹೇಗೆ ಬದಲಾದವು, ಸರ್ಕಾರದಿಂದ ಭೂಮಿ ಪಡೆದ ಮುಂದಿನ ತಲೆಮಾರು ಊರಿನ ದೇವಸ್ಥಾನ, ಜಾತಿಸಂಘ, ಕುಟುಂಬಗಳನ್ನು ಹೇಗೆ ಕಂಡಿತು ಎಂಬ ಪ್ರಶ್ನೆಗಳನ್ನು ಸಮಾಜವಾದಿಗಳು ಎತ್ತಿಕೊಂಡದ್ದು ಕಡಿಮೆ. ಬಂಗಾರಪ್ಪನವರು ೧೯೯೦ರಿಂದ ೧೯೯೨ರವರೆಗೆ ಮುಖ್ಯಮಂತ್ರಿಯಾಗಿದ್ದಾಗ ದೇವಸ್ಥಾನಗಳ ಜೀರ್ಣೋದ್ಧಾರಕ್ಕೆಂದು ತಂದ ‘ಆರಾಧನಾ’ ಯೋಜನೆ ಆ ಪ್ರಶ್ನೆಯನ್ನು ಆಡಳಿತದ ಮಟ್ಟದಲ್ಲಿ ಮುಟ್ಟಿತು. ಚಿಂತನೆಯ ಮಟ್ಟದಲ್ಲಿ ಅದು ಹಾಗೆಯೇ ಉಳಿಯಿತು.

೬

ರಾಜಕೀಯ ಬರಹದಲ್ಲಿ ನಡೆಯದ ವಾದ ಕನ್ನಡ ಸಾಹಿತ್ಯದಲ್ಲಿ ನಡೆದಿದೆಯೇ ಎಂಬುದು ಮುಂದಿನ ಪ್ರಶ್ನೆ. ನಡೆದಿದೆ ಎಂಬುದಕ್ಕೆ ಮೂವರು ಲೇಖಕರನ್ನು ಉದಾಹರಿಸಬಹುದು.

ಮೊದಲನೆಯವರು ಎಂ. ಗೋಪಾಲಕೃಷ್ಣ ಅಡಿಗ. ೧೯೪೮ರ ‘ಕಟ್ಟುವೆವು ನಾವು’ ಸಂಕಲನದ ಹೊತ್ತಿಗೆ ಹೊಸ ನಾಡು ಕಟ್ಟುವ ಉತ್ಸಾಹದ ಕವಿಯಾಗಿದ್ದ ಅವರು ೧೯೫೦ರ ದಶಕದಲ್ಲಿ ‘ನೆಹರೂ ನಿವೃತ್ತರಾಗುವುದಿಲ್ಲ’ದಂತಹ ಕವಿತೆಯ ಮೂಲಕ ಸ್ವಾತಂತ್ರ್ಯೋತ್ತರ ಪ್ರಭುತ್ವದ ಕಟುವಿಮರ್ಶಕರಾದರು. ೧೯೬೪ರಿಂದ ೧೯೬೮ರವರೆಗೆ ಅವರು ಪ್ರಾಂಶುಪಾಲರಾಗಿದ್ದದ್ದು ಸಾಗರದ ಲಾಲ್ ಬಹಾದೂರ್ ಕಾಲೇಜಿನಲ್ಲಿ, ಅಂದರೆ ಕಾಗೋಡಿನ ಮಗ್ಗುಲಿನಲ್ಲಿ. ಅವರನ್ನು ಗುರುವೆಂದು ಭಾವಿಸಿದ ಯು.ಆರ್. ಅನಂತಮೂರ್ತಿಯವರಂತಹ ಕಿರಿಯರು ಲೋಹಿಯಾವಾದಿಗಳು. ಅಡಿಗರು ೧೯೭೧ರಲ್ಲಿ ಜನಸಂಘದ ಕಡೆಯಿಂದ ಬೆಂಗಳೂರಿನಲ್ಲಿ ಲೋಕಸಭೆಗೆ ಸ್ಪರ್ಧಿಸಿ ಸೋತರು. ಮುಂದೆ ತುರ್ತುಪರಿಸ್ಥಿತಿಯನ್ನು ಕವಿತೆಗಳ ಮೂಲಕ ವಿರೋಧಿಸಿದರು. ನಮ್ಮ ಮೊದಲನೆಯ ಅಳತೆಗೋಲಿಗೆ, ಅಂದರೆ ದಾರಿಗೆ, ಕನ್ನಡದಲ್ಲಿ ಅಡಿಗರಷ್ಟು ಹತ್ತಿರ ಬರುವವರು ಇಲ್ಲ. ಆದರೆ ಎರಡನೆಯದಕ್ಕೆ ಅವರು ಹೊಂದುವುದಿಲ್ಲ. ಕಾವ್ಯದಲ್ಲಿ ಸಾಂಸ್ಕೃತಿಕ ಆಧುನಿಕತೆಯನ್ನು ಕನ್ನಡಕ್ಕೆ ತಂದವರೇ ಅವರು. ಅವರಿಗೆ ಸಂಪ್ರದಾಯವೆಂಬುದು ಅಗೆದು ನೋಡಬೇಕಾದ ಬೇರು. ಕಾವಲು ಕಾಯಬೇಕಾದ ಬೇಲಿಯಲ್ಲ.

ಎರಡನೆಯವರು ೨೦೨೫ರ ಸೆಪ್ಟೆಂಬರಿನಲ್ಲಿ ನಿಧನರಾದ ಎಸ್.ಎಲ್. ಭೈರಪ್ಪ. ಅವರು ಎಡಪಂಥದಿಂದ ಹೊರಟವರಲ್ಲ. ಆದುದರಿಂದ ಲೇಖಕರಾಗಿ ಅವರಿಗೆ ಈ ಹೆಸರು ಸಲ್ಲದು. ಆದರೆ ೨೦೦೭ರ ‘ಆವರಣ’ ಕಾದಂಬರಿಯ ಕಥಾವಿನ್ಯಾಸವನ್ನು ಗಮನಿಸಬೇಕು. ಪ್ರಗತಿಪರ ಚಲನಚಿತ್ರ ನಿರ್ದೇಶಕಿಯಾದ ನಾಯಕಿ ಅಂತರ್ಧರ್ಮೀಯ ವಿವಾಹವಾಗಿ, ಪ್ರಗತಿಪರ ವಲಯದ ಒಳಗಿದ್ದು, ಅಲ್ಲಿನ ಬುದ್ಧಿಜೀವಿಗಳಲ್ಲಿ ನಂಬಿಕೆ ಕಳೆದುಕೊಂಡು, ತೀರಿಕೊಂಡ ತಂದೆಯ ಗ್ರಂಥಭಂಡಾರಕ್ಕೆ ಮರಳುತ್ತಾಳೆ. ಇದು ಅಮೆರಿಕದ ನವಸಂಪ್ರದಾಯವಾದಿಗಳು ತಮ್ಮ ಆತ್ಮಕಥನಗಳಲ್ಲಿ ಹೇಳಿಕೊಂಡ ಪರಿವರ್ತನೆಯ ಕಥೆಯ ವಿನ್ಯಾಸವೇ ಆಗಿದೆ. ಹೊರಟ ಮನೆ, ಭ್ರಮನಿರಸನ, ಓದು, ಮರಳುವಿಕೆ ಎಂಬ ಹಂತಗಳು ಎರಡರಲ್ಲಿಯೂ ಇವೆ. ವ್ಯತ್ಯಾಸವಿರುವುದು ಭ್ರಮನಿರಸನದ ವಸ್ತುವಿನಲ್ಲಿ. ಅಲ್ಲಿ ಅದು ಸರ್ಕಾರದ ಕಾರ್ಯಕ್ರಮಗಳ ಫಲಿತಾಂಶ. ಇಲ್ಲಿ ಅದು ಇತಿಹಾಸ ಬರಹದ ಸತ್ಯಾಸತ್ಯತೆ. ವಿನ್ಯಾಸ ನವಸಂಪ್ರದಾಯವಾದದ್ದು, ವಸ್ತು ಸಾಂಸ್ಕೃತಿಕ ರಾಷ್ಟ್ರವಾದದ್ದು ಎಂದು ವಿಂಗಡಿಸಿಕೊಂಡರೆ, ಈ ಕಾದಂಬರಿ ಅಷ್ಟೊಂದು ಓದುಗರನ್ನು ಹೇಗೆ ತಲುಪಿತೆಂಬುದಕ್ಕೂ ಒಂದು ವಿವರಣೆ ಸಿಗುತ್ತದೆ. ಅದು ಓದುಗರಿಗೆ ಒಂದು ತೀರ್ಮಾನವನ್ನು ಮಾತ್ರ ಕೊಡದೆ, ಆ ತೀರ್ಮಾನಕ್ಕೆ ನಡೆದು ಬರುವ ದಾರಿಯನ್ನೂ ಕೊಟ್ಟಿತು. ಪ್ರಗತಿಪರ ವಿಮರ್ಶೆ ತೀರ್ಮಾನವನ್ನು ಖಂಡಿಸಿತು. ದಾರಿಯ ಆಕರ್ಷಣೆಯನ್ನು ಅಷ್ಟಾಗಿ ವಿಶ್ಲೇಷಿಸಲಿಲ್ಲ.

ಮೂರನೆಯವರು ತೀರ್ಥಹಳ್ಳಿ ತಾಲ್ಲೂಕಿನ ಅನಂತಮೂರ್ತಿ. ೧೯೭೩ರ ‘ಭಾರತೀಪುರ’ದ ನಾಯಕ ಜಗನ್ನಾಥನೂ ಸೋಲುವ ಪ್ರಗತಿಪರನೇ. ಮನೆಯ ಸಾಲಿಗ್ರಾಮವನ್ನು ದಲಿತರಿಂದ ಮುಟ್ಟಿಸಲು ಹೊರಟ ಅವನ ಒತ್ತಾಯದಲ್ಲಿ ಕ್ರೌರ್ಯವಿದೆಯೆಂದು ಕಾದಂಬರಿ ನಿರ್ದಾಕ್ಷಿಣ್ಯವಾಗಿ ತೋರಿಸುತ್ತದೆ. ಒಳ್ಳೆಯ ಉದ್ದೇಶದ ಅನುದ್ದೇಶಿತ ಪರಿಣಾಮ ಎಂಬ ಕ್ರಿಸ್ಟಲ್ ಗುಂಪಿನ ಕೇಂದ್ರ ಪ್ರಮೇಯ ಇಲ್ಲಿ ಕಥನವಾಗಿದೆ. ಆದರೆ ಜಗನ್ನಾಥನ ಸೋಲಿನಿಂದ ಅಸ್ಪೃಶ್ಯತೆ ಸರಿಯಾಗಿಬಿಡುವುದಿಲ್ಲ. ಅವನು ಕೇಳಿದ ಪ್ರಶ್ನೆ ಓದುಗರ ಮುಂದೆ ಉಳಿಯುತ್ತದೆ. ೨೦೧೪ರಲ್ಲಿ ನಿಧನಾನಂತರ ಪ್ರಕಟವಾದ ‘ಹಿಂದುತ್ವ ಅಥವಾ ಹಿಂದ್ ಸ್ವರಾಜ್’ ಕೃತಿಯಲ್ಲಿ ಅವರು ಸಾವರ್ಕರ್ ಮತ್ತು ಗಾಂಧಿಯವರನ್ನು ಎದುರುಬದುರಾಗಿಟ್ಟು ಅಭಿವೃದ್ಧಿಯ ಆರಾಧನೆಯನ್ನೇ ಪ್ರಶ್ನಿಸುತ್ತಾರೆ. ಹೇಬರ್‌ಮಾಸ್ ಸೂಚಿಸಿದ ಅಳತೆಗೋಲಿನಲ್ಲಿ ಇದು ನವಸಂಪ್ರದಾಯವಾದದ ನೇರ ವಿಲೋಮ. ನವಸಂಪ್ರದಾಯವಾದಿ ಯಂತ್ರವನ್ನು ಒಪ್ಪಿ ಪ್ರಶ್ನಿಸುವ ಮನಸ್ಸನ್ನು ಅನುಮಾನಿಸುತ್ತಾನೆ. ಅನಂತಮೂರ್ತಿ ಯಂತ್ರವನ್ನು ಅನುಮಾನಿಸಿ ಪ್ರಶ್ನಿಸುವ ಮನಸ್ಸನ್ನು ಉಳಿಸಿಕೊಳ್ಳುತ್ತಾರೆ. ಸಂಪ್ರದಾಯದ ಬಗ್ಗೆ ಗೌರವದಿಂದ ಮಾತನಾಡಿದರೆಂಬ ಒಂದೇ ಕಾರಣಕ್ಕೆ ಅವರನ್ನೂ ಭೈರಪ್ಪನವರನ್ನೂ ಒಂದೇ ಪದದ ಅಡಿಯಲ್ಲಿ ತರುವುದು ಇಬ್ಬರನ್ನೂ ಓದದಿರುವುದಕ್ಕೆ ಸಮಾನ.

೭

ಮೇಲಿನ ವಿವೇಚನೆಯಿಂದ ಕೆಲವು ನಿರ್ಣಯಗಳಿಗೆ ಬರಬಹುದು. ನವಸಂಪ್ರದಾಯವಾದ ಅಮೆರಿಕದ ಎಡಪಂಥದೊಳಗಿನ ಒಂದು ಭ್ರಮನಿರಸನದಿಂದ ಹುಟ್ಟಿ, ಸಣ್ಣ ಪತ್ರಿಕೆಗಳಲ್ಲಿ ವಾದವಾಗಿ ಬೆಳೆದು, ಅಧಿಕಾರಕ್ಕೆ ಹತ್ತಿರವಾದಾಗ ತನ್ನದೇ ಮೂಲ ವಿವೇಕವನ್ನು ಕಳೆದುಕೊಂಡ ವಿಚಾರಧಾರೆ. ಕರ್ನಾಟಕದ ಸಾಂಸ್ಕೃತಿಕ ರಾಷ್ಟ್ರವಾದಕ್ಕೂ ಅದಕ್ಕೂ ಕೆಲವು ಹೋಲಿಕೆಗಳಿದ್ದರೂ ವಂಶಾವಳಿ ಬೇರೆ. ಶಿವಮೊಗ್ಗದ ರಾಜಕೀಯದಲ್ಲಿ ಎಡದಿಂದ ಬಲಕ್ಕೆ ಪಲ್ಲಟ ಕಂಡುಬಂದರೂ ಅದಕ್ಕೆ ವಾದದ ಬೆನ್ನೆಲುಬಿಲ್ಲ. ವಾದ ಸಿಗುವುದು ಸಾಹಿತ್ಯದಲ್ಲಿ. ಅಲ್ಲಿಯೂ ದಾರಿ, ವಿನ್ಯಾಸ, ಪ್ರಮೇಯಗಳು ಮೂವರು ಲೇಖಕರಲ್ಲಿ ಬಿಡಿಬಿಡಿಯಾಗಿ ಸಿಗುತ್ತವೆಯೇ ಹೊರತು ಒಬ್ಬರಲ್ಲಿ ಇಡಿಯಾಗಿ ಸಿಗುವುದಿಲ್ಲ.

ಇಡಿಯಾಗಿ ಏಕೆ ಸಿಗುವುದಿಲ್ಲ ಎಂಬುದಕ್ಕೆ ನಮ್ಮ ಪರಂಪರೆಯ ಸ್ವರೂಪವೂ ಒಂದು ಕಾರಣವಿರಬಹುದು. ಶಿಕಾರಿಪುರದ ಆಸುಪಾಸಿನಲ್ಲಿಯೇ ಅಲ್ಲಮನ ಬಳ್ಳಿಗಾವೆ ಇದೆ, ಅಕ್ಕಮಹಾದೇವಿಯ ಉಡುತಡಿ ಇದೆ. ಸ್ಥಾವರವನ್ನು ಪ್ರಶ್ನಿಸಿದ ವಚನಕಾರರು ಇಂದು ನಮಗೆ ಸಂಪ್ರದಾಯವೇ ಆಗಿದ್ದಾರೆ. ಪ್ರಶ್ನಿಸುವುದನ್ನೂ ದಾಟಿಸಿಕೊಂಡು ಬಂದಿರುವ ಭಾಷೆಯಲ್ಲಿ ಸಂಪ್ರದಾಯವನ್ನು ಕಾಯ್ದುಕೊಳ್ಳುತ್ತೇನೆ ಎನ್ನುವವರು ಯಾವುದನ್ನು ಕಾಯ್ದುಕೊಳ್ಳುತ್ತಾರೆ ಎಂಬ ಪ್ರಶ್ನೆಗೆ ಉತ್ತರಿಸಬೇಕಾಗುತ್ತದೆ. ಅದೇ ರೀತಿ ಸಂಪ್ರದಾಯವನ್ನು ಬಿಡಬೇಕು ಎನ್ನುವವರೂ ಯಾವುದನ್ನು ಬಿಡಬೇಕೆಂದು ಹೇಳಬೇಕಾಗುತ್ತದೆ.

ಕನ್ನಡ ವಿಭಾಗಗಳಲ್ಲಿ ಈ ವಿಷಯವನ್ನು ಎತ್ತಿಕೊಳ್ಳುವ ಸಂಶೋಧಕರು ಲೇಖಕರ ಮೇಲೆ ಹೆಸರಿನ ಚೀಟಿ ಅಂಟಿಸುವ ಕೆಲಸವನ್ನು ಬಿಟ್ಟು ಪತ್ರಿಕೆಗಳ ಹಳೆಯ ಸಂಪುಟಗಳತ್ತ ತಿರುಗುವುದು ಫಲಪ್ರದವಾದೀತು. ಅಡಿಗರ ‘ಸಾಕ್ಷಿ’, ‘ಸಂಕ್ರಮಣ’, ‘ಲಂಕೇಶ್ ಪತ್ರಿಕೆ’ಗಳನ್ನು ‘ವಿಕ್ರಮ’, ‘ಉತ್ಥಾನ’ಗಳ ಜೊತೆಗಿಟ್ಟು, ೧೯೬೭, ೧೯೭೫, ೧೯೯೦ರ ಆಸುಪಾಸಿನ ಸಂಚಿಕೆಗಳಲ್ಲಿ ಭೂಸುಧಾರಣೆ, ಮೀಸಲಾತಿ, ಕುಟುಂಬ, ದೇವಸ್ಥಾನ ಎಂಬ ನಾಲ್ಕು ವಿಷಯಗಳ ಮೇಲೆ ಏನೇನು ಚರ್ಚೆಯಾಯಿತು ಎಂದು ಪಟ್ಟಿ ಮಾಡಿದರೂ ಸಾಕು, ನಮ್ಮಲ್ಲಿ ನಡೆಯದೇ ಹೋಯಿತೆಂದು ಈ ಲೇಖನದಲ್ಲಿ ಹೇಳಿರುವ ವಾದ ನಿಜವಾಗಿಯೂ ನಡೆಯಲಿಲ್ಲವೇ, ಅಥವಾ ನಾವು ಓದದ ಪುಟಗಳಲ್ಲಿ ನಡೆದಿದೆಯೇ ಎಂಬುದು ತಿಳಿಯುತ್ತದೆ.